ಹೊಲದ ಬದುವಿಗೆ ಜಗಳ ಆಡುವ ನಾವು, ರಸ್ತೆಯ ಗೆರೆಗೆ ಯಾಕೆ ಬಾಯಿ ಬಿಡುವುದಿಲ್ಲ?

ಹೊಲದ ಬದುವನ್ನು ಪಕ್ಕದವರು ಒಂದು ಗೇಣು ಒತ್ತಿದರೆ ನಮ್ಮೂರುಗಳಲ್ಲಿ ಯಾರೂ ಸುಮ್ಮನಿರುವುದಿಲ್ಲ. ಸರ್ವೆಯವರನ್ನು ಕರೆಸುತ್ತೇವೆ, ಕಲ್ಲು ನೆಡಿಸುತ್ತೇವೆ, ಊರ ನ್ಯಾಯಕ್ಕೆ ಕೂರುತ್ತೇವೆ, ಆಗದಿದ್ದರೆ ಕೋರ್ಟು ಮೆಟ್ಟಿಲು ಹತ್ತುತ್ತೇವೆ. ಅಪ್ಪ ಹಾಕಿದ ಕೇಸನ್ನು ಮಗ ನಡೆಸುತ್ತಾನೆ. ಆದರೆ ಹೆದ್ದಾರಿಯ ನಡುವಿನ ಬಿಳಿ ಗೆರೆಯನ್ನು ಎದುರಿನ ಲಾರಿ ಒಂದು ಮಾರು ಒತ್ತಿಕೊಂಡು ಬಂದರೆ? ಬೈಕನ್ನು ಮಣ್ಣಿಗೆ ಇಳಿಸಿ, ಒಂದು ಮಾತು ಬೈದು, ಮುಂದೆ ಹೋಗುತ್ತೇವೆ. ಅಲ್ಲಿಗೆ ಮುಗಿಯಿತು.

ಬದು ಒತ್ತಿದರೆ ಹೋಗುವುದು ಒಂದು ಗೇಣು ನೆಲ. ಅದು ಇವತ್ತಲ್ಲ ನಾಳೆ ವಾಪಸ್ ಬರಬಹುದು. ಗೆರೆ ಒತ್ತಿದರೆ ಹೋಗುವುದು ಜೀವ. ಅದಕ್ಕೆ ಅಪೀಲು ಇಲ್ಲ.

"ಗೆರೆ ಗಿರೆ ಎಲ್ಲ ಮೈಸೂರು ಬೆಂಗ್ಳೂರೋರ್ಗೆ ಕನಪ್ಪ, ಹಳ್ಳಿ ರೋಡ್ಗೆ ಅವೆಲ್ಲ ಯಾಕೆ?" ಟೀ ಅಂಗಡಿಯಲ್ಲಿ ಈ ಮಾತು ಕೇಳದವರು ಯಾರಿದ್ದಾರೆ? ಈ ಮಾತು ತಪ್ಪು ಎಂದು ಹೇಳುವುದಕ್ಕೇ ನಾವು ಇದನ್ನು ಬರೆಯುತ್ತಿದ್ದೇವೆ. ಕಾರಿನೊಳಗೆ ಕೂತವರಿಗೆ ಸೀಟ್ ಬೆಲ್ಟ್ ಇದೆ, ಗಾಳಿಚೀಲ ಇದೆ. ರಸ್ತೆಯ ಅಂಚಿನಲ್ಲಿ ಹಾಲಿನ ಕ್ಯಾನು ಹಿಡಿದು ನಡೆಯುವವರಿಗೆ, ಸೈಕಲ್ಲಿನಲ್ಲಿ ಶಾಲೆಗೆ ಹೋಗುವ ಮಗುವಿಗೆ, ಟಿವಿಎಸ್ಸಿನಲ್ಲಿ ಹುಲ್ಲಿನ ಹೊರೆ ತರುವವರಿಗೆ ಏನಿದೆ? ಆ ಗೆರೆ ಒಂದೇ. ಪೇಟೆಯವರಿಗಿಂತ ಅದು ನಮಗೇ ಹೆಚ್ಚು ಬೇಕು.

ಹಂಗಳವನ್ನೇ ನೋಡಿ. ಮೈಸೂರಿನಿಂದ ಬರುವ ದಾರಿ ಗುಂಡ್ಲುಪೇಟೆಯಲ್ಲಿ ಕವಲೊಡೆಯುತ್ತದೆ. ಒಂದು ಕೇರಳಕ್ಕೆ ಹೋಗುವ ರಾಷ್ಟ್ರೀಯ ಹೆದ್ದಾರಿ 766. ಇನ್ನೊಂದು ಬಂಡೀಪುರದ ಮೂಲಕ ಊಟಿಗೆ ಹೋಗುವ ರಾಷ್ಟ್ರೀಯ ಹೆದ್ದಾರಿ 181, ಹಳೇ ಲೆಕ್ಕದಲ್ಲಿ 67. ಹಂಗಳ ಇರುವುದು ಈ ಎರಡನೆಯದರ ಮೇಲೆ. ಹಿಮವದ್ ಗೋಪಾಲಸ್ವಾಮಿ ಬೆಟ್ಟಕ್ಕೆ ತಿರುಗುವುದೂ ಇಲ್ಲೇ. ಮೈಸೂರು ಕಡೆಯಿಂದ ಬಂದವರು ಬೆಟ್ಟಕ್ಕೆ ಹೋಗಲು ಇಲ್ಲಿ ಬಲಕ್ಕೆ ಹೊರಳಬೇಕು. ಅಂದರೆ ಊಟಿ ಕಡೆಯಿಂದ ಬರುವ ವಾಹನಗಳಿಗೆ ಅಡ್ಡ ಹಾಯಬೇಕು. ಶನಿವಾರ, ಭಾನುವಾರ ದಾರಿ ಗೊತ್ತಿಲ್ಲದ ಎಷ್ಟು ಕಾರುಗಳು ಇಲ್ಲಿ ತಡವರಿಸುತ್ತವೆ ಎಂದು ಊರಿನವರಿಗೆ ಹೇಳಬೇಕಾಗಿಲ್ಲ. ಸೂರ್ಯಕಾಂತಿ, ಚೆಂಡು ಹೂ ಅರಳುವ ತಿಂಗಳಲ್ಲಂತೂ ಫೋಟೊಗೆಂದು ಕಾರುಗಳು ಎಲ್ಲೆಂದರಲ್ಲಿ ನಿಲ್ಲುತ್ತವೆ.

ಇದರ ಜೊತೆಗೆ ಗಡಿಯಾರ ಬೇರೆ. 2009ರಿಂದ ಬಂಡೀಪುರ ಕಾಡಿನ ದಾರಿಯಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ಸಂಚಾರ ನಿಷೇಧ ಇದೆ. ಆನೆ, ಹುಲಿ, ಜಿಂಕೆಗಳಿಗೆ ರಾತ್ರಿಯನ್ನು ಬಿಟ್ಟುಕೊಟ್ಟಿದ್ದು ಸರಿಯೇ, ಅದರಲ್ಲಿ ನಮ್ಮ ತಕರಾರಿಲ್ಲ. ಆದರೆ ಆ ಗಡಿಯಾರದ ಒತ್ತಡ ಬೀಳುವುದು ಕಾಡಿನ ಬಾಗಿಲಿನಲ್ಲಿರುವ ಊರುಗಳ ಮೇಲೆ. ಒಂಬತ್ತರೊಳಗೆ ಮೇಲುಕಾಮನಹಳ್ಳಿ ಚೆಕ್‌ಪೋಸ್ಟ್ ದಾಟಬೇಕು ಎಂದು ಹೊರಟ ಡ್ರೈವರಿಗೆ ಹಂಗಳ ಒಂದು ಊರಾಗಿ ಕಾಣುವುದಿಲ್ಲ, ಅಡ್ಡಿಯಾಗಿ ಕಾಣುತ್ತದೆ. ಕತ್ತಲಾದ ಮೇಲೆ ಅವನಿಗೆ "ಇಲ್ಲಿ ಜನ ಇದ್ದಾರೆ, ನಿಧಾನ" ಎಂದು ಹೇಳುವವರು ಯಾರು? ಬೋರ್ಡು ಮತ್ತು ಗೆರೆ. ಅವೇ ಇಲ್ಲದಿದ್ದರೆ ಅವನ ಪಾಲಿಗೆ ಊರೂ ಇಲ್ಲ.

ಹಾಗಾದರೆ ಗೆರೆ ಏನು ಹೇಳುತ್ತದೆ? ಲೈಸೆನ್ಸಿಗೆಂದು ಎಂಟು ಹಾಕಿ ತೋರಿಸಿದವರಲ್ಲಿ ಎಷ್ಟೋ ಜನರಿಗೆ ಇದನ್ನು ಯಾರೂ ಕೂರಿಸಿಕೊಂಡು ಹೇಳಿಕೊಟ್ಟಿಲ್ಲ. ಆದ್ದರಿಂದ ಬಿಡಿಸಿ ಹೇಳುತ್ತೇವೆ.

ಮೊದಲು ಅಳತೆ. ಎರಡು ಲೇನಿನ ಹೆದ್ದಾರಿಯ ಪ್ರಮಾಣಿತ ಅಗಲ 7 ಮೀಟರ್. ಹೋಗಲು ಮೂರೂವರೆ, ಬರಲು ಮೂರೂವರೆ. ಎರಡು ಲೇನ್ ಎಂದರೆ ನಮಗೆ ಎರಡು ಅಂತ ಅಲ್ಲ, ನಮಗೊಂದು, ಎದುರಿನವರಿಗೊಂದು. ಬಸ್ಸು, ಲಾರಿಯ ಅಗಲ ಕಾನೂನಿನ ಪ್ರಕಾರ 2.6 ಮೀಟರ್ ತನಕ ಇರಬಹುದು. ಅಂದರೆ ಬಸ್ಸು ತನ್ನ ಲೇನಿನಲ್ಲಿ ಸರಿಯಾಗಿ ಹೋದರೂ ಉಳಿಯುವುದು ಎರಡು ಮೊಳ, ಎಡಕ್ಕೊಂದು ಬಲಕ್ಕೊಂದು. ಪಕ್ಕಪಕ್ಕ ಮೂರು ಬಸ್ಸು ನಿಂತರೆ 7.8 ಮೀಟರ್ ಆಗುತ್ತದೆ, ರಸ್ತೆ ಇರುವುದು 7. ಮೂರನೆಯದು ನುಗ್ಗಿದರೆ ಯಾರಾದರೂ ಒಬ್ಬರು ರಸ್ತೆ ಬಿಡಲೇಬೇಕು. ಆ ಒಬ್ಬರು ಯಾವಾಗಲೂ ಅಂಚಿನಲ್ಲಿರುವವರೇ.

ನಡುವಿನ ಗೆರೆ ತುಂಡುತುಂಡಾಗಿದ್ದರೆ, ಎದುರು ಖಾಲಿ ಇದ್ದಾಗ ದಾಟಿ ಓವರ್‌ಟೇಕ್ ಮಾಡಿ ಮತ್ತೆ ನಿಮ್ಮ ಲೇನಿಗೆ ಬರಬಹುದು. ತುಂಡುಗಳು ಉದ್ದವಾಗಿ ನಡುವಿನ ಸಂದು ಚಿಕ್ಕದಾಗುತ್ತಾ ಬಂದರೆ ಅದು ಎಚ್ಚರಿಕೆ. ಮುಂದೆ ತಿರುವೋ ದಿಣ್ಣೆಯೋ ಇದೆ, ದಾಟುವ ಅವಕಾಶ ಮುಗಿಯುತ್ತಿದೆ ಎಂದು ಅರ್ಥ.

ಗೆರೆ ಎಲ್ಲೂ ಕಡಿಯದೆ ಒಂದೇ ಸಮ ಹೋಗಿದ್ದರೆ, ಬಿಳಿಯಾಗಲಿ ಹಳದಿಯಾಗಲಿ, ಒಂದಿರಲಿ ಜೋಡಿಯಿರಲಿ, ಓವರ್‌ಟೇಕ್‌ಗೆಂದು ಅದನ್ನು ದಾಟುವಂತಿಲ್ಲ, ತುಳಿಯುವಂತೆಯೂ ಇಲ್ಲ. ಕಡಿಯದ ಗೆರೆಯ ಪಕ್ಕ ತುಂಡು ಗೆರೆಯೂ ಇದ್ದರೆ ನಿಮ್ಮ ಹತ್ತಿರ ಇರುವುದು ಯಾವುದು ನೋಡಿ. ತುಂಡು ಗೆರೆ ಹತ್ತಿರ ಇದ್ದವರು ದಾಟಬಹುದು, ಕಡಿಯದ ಗೆರೆ ಹತ್ತಿರ ಇದ್ದವರು ದಾಟಬಾರದು. ಒಂದೇ ಜಾಗ, ಎರಡು ಕಡೆಗೆ ಎರಡು ನ್ಯಾಯ. ಏಕೆಂದರೆ ಒಂದು ಕಡೆಯಿಂದ ಮುಂದಿನ ದಾರಿ ಕಾಣುತ್ತದೆ, ಇನ್ನೊಂದು ಕಡೆಯಿಂದ ಕಾಣುವುದಿಲ್ಲ.

ಬೆಟ್ಟದ ತಿರುವಿನಂಥ ಜಾಗದಲ್ಲಿ ಮುಂದಿನ ಕಾರು ಬಲಕ್ಕೆ ಸಿಗ್ನಲ್ ಹಾಕಿ ನಡುಗೆರೆಯ ಪಕ್ಕ ನಿಂತಿದ್ದರೆ ಅದರ ಎಡಗಡೆಯಿಂದ ನಿಧಾನವಾಗಿ ಮುಂದೆ ಹೋಗಿ. ಬಲದಿಂದ ನುಗ್ಗಿದರೆ ಆ ಕಾರು ತಿರುಗುವುದು ನೇರ ನಿಮ್ಮ ಮೇಲಕ್ಕೇ.

ಅಂಚಿನ ಗೆರೆ ಎಂದರೆ ವಾಹನದ ದಾರಿ ಅಲ್ಲಿಗೆ ಮುಗಿಯಿತು ಎಂದು. ಅದರಾಚೆಗಿನದು ನಡೆಯುವವರದು, ಕೆಟ್ಟು ನಿಂತ ಗಾಡಿಯದು. ಜೀಬ್ರಾ ಪಟ್ಟೆಯ ಮೇಲೆ ಕಾಲಿಟ್ಟವರಿಗೆ ವಾಹನ ನಿಲ್ಲಬೇಕು, ಅವರು ವಾಹನಕ್ಕೆ ಕಾಯಬೇಕಾಗಿಲ್ಲ.

"ನಂಗೆ ಕಣ್ಣಳತೆ ಇದೆ, ಗೆರೆ ಬೇಡ" ಎನ್ನುವ ಡ್ರೈವರುಗಳಿಗೆ ಒಂದು ಲೆಕ್ಕ. ನೀವು ಗಂಟೆಗೆ 60 ಕಿಲೋಮೀಟರ್, ಎದುರಿನವನೂ 60. ಇಬ್ಬರ ನಡುವಿನ ಅಂತರ ಸೆಕೆಂಡಿಗೆ 33 ಮೀಟರ್ ಕರಗುತ್ತದೆ. ಇನ್ನೂರು ಮೀಟರ್ ದೂರದಲ್ಲಿ ಕಂಡವನು ಆರು ಸೆಕೆಂಡಿಗೆ ಮುಖದ ಮುಂದೆ ಇರುತ್ತಾನೆ. ಬಸ್ಸನ್ನು ಹಿಂದೆ ಹಾಕಿ ಲೇನಿಗೆ ಮರಳಲು ಏಳೆಂಟು ಸೆಕೆಂಡಾದರೂ ಬೇಕು. ನಿಮ್ಮ ಕಣ್ಣಳತೆ ಸರಿಯಿದ್ದರೂ ಕಾಣದ ತಿರುವಿನಾಚೆ ಅದು ಏನೂ ಅಳೆಯುವುದಿಲ್ಲ. ಕಡಿಯದ ಗೆರೆ ಇರುವುದು ನಿಮ್ಮ ಕಣ್ಣು ತಲುಪದ ಜಾಗದಲ್ಲಿ.

ಇನ್ನು ನಮ್ಮ ರೈತರಿಗೆ ಒಂದು ಮಾತು. ಬೈಸಿಕೊಂಡರೂ ಪರವಾಗಿಲ್ಲ, ಹೇಳಲೇಬೇಕು. ಸುಗ್ಗಿ ಬಂತೆಂದರೆ ಹುರುಳಿ, ರಾಗಿ ರಸ್ತೆಗೆ ಬೀಳುತ್ತದೆ. ವಾಹನ ತುಳಿದು ಒಕ್ಕಣೆ ಆಗುತ್ತದೆ, ಆಳಿನ ಕೂಲಿ ಉಳಿಯುತ್ತದೆ. ಮನೆಮನೆಗೆ ಇದ್ದ ಕಣಗಳು ಹೋದವು, ಆ ಕಷ್ಟ ನಮಗೆ ಗೊತ್ತು. ಆದರೆ ಹುರುಳಿ ಸೊಪ್ಪು ಹಾಸಿದ ಕಡೆ ಅಂಚಿನ ಗೆರೆಯೂ ಇಲ್ಲ, ನಡುಗೆರೆಯೂ ಇಲ್ಲ. ಅದನ್ನು ತಪ್ಪಿಸಲು ಹೋದ ಬೈಕು ಎದುರಿನ ಲೇನಿಗೆ ಹೋಗುತ್ತದೆ, ತಪ್ಪಿಸದೆ ಹತ್ತಿದ ಬೈಕು ಜಾರುತ್ತದೆ. ಜಾರಿ ಬೀಳುವವನು ಊಟಿ ಟೂರಿಸ್ಟ್ ಆಗಿರಬೇಕೆಂದೇನಿಲ್ಲ, ಪಕ್ಕದ ಬೀದಿಯ ಹುಡುಗನೇ ಆಗಿರಬಹುದು. ರಸ್ತೆಯಲ್ಲಿ ಗೆರೆ ಬೇಕು ಎಂದು ಕೇಳುವ ಊರು ಅದರ ಮೇಲೆ ಹುರುಳಿ ಹರಡಿದರೆ ನಮ್ಮ ಮಾತಿಗೆ ತೂಕ ಎಲ್ಲಿಂದ ಬರಬೇಕು? ಗ್ರಾಮಸಭೆಯಲ್ಲಿ ಊರಿಗೊಂದು ಒಕ್ಕಣೆ ಕಣ ಕೇಳೋಣ. ಅದು ಕೇಳಬೇಕಾದ ಬೇಡಿಕೆ. ರಸ್ತೆ ಕಣವಲ್ಲ.

ಈಗ ಇಲಾಖೆಗಳ ಕಡೆ ತಿರುಗೋಣ. ಅಪಘಾತ ಆದ ಮಾರನೇ ದಿನ ಪೇಪರಿನ ಮೂಲೆಯಲ್ಲಿ ಬರುವ ಸುದ್ದಿ ನಿಮಗೆ ಬಾಯಿಪಾಠ ಆಗಿರುತ್ತದೆ: "ಚಾಲಕನ ಅತಿವೇಗ ಮತ್ತು ಅಜಾಗರೂಕತೆಯೇ ಕಾರಣ." ಹಲವು ಸಲ ಅದು ನಿಜವೂ ಹೌದು. ಆದರೆ ಅಲ್ಲಿ ಗೆರೆ ಇತ್ತೇ, ಹಂಪ್ಸ್ ಮೇಲೆ ಬಿಳಿ ಬಣ್ಣ ಇತ್ತೇ, ತಿರುವಿನ ಬೋರ್ಡು ಇತ್ತೇ ಎಂಬ ಪ್ರಶ್ನೆ ಆ ಸುದ್ದಿಯಲ್ಲಿ ಇರುವುದಿಲ್ಲ. ತಪ್ಪು ಯಾವಾಗಲೂ ಸ್ಟೇರಿಂಗ್ ಹಿಡಿದವನದು, ಬ್ರಷ್ ಹಿಡಿಯಬೇಕಾದವನದು ಎಂದೂ ಅಲ್ಲ.

ಕಾನೂನಿನಲ್ಲೇ ಈ ತಾರತಮ್ಯ ಕಾಣುತ್ತದೆ. 2019ರಲ್ಲಿ ಮೋಟಾರು ವಾಹನ ಕಾಯ್ದೆಗೆ ತಿದ್ದುಪಡಿ ಬಂತು. ಚಾಲನಾ ನಿಯಮ ಮುರಿದವರಿಗೆ 177ಎ ಕಲಮಿನಲ್ಲಿ 500ರಿಂದ 1,000 ರೂಪಾಯಿ ದಂಡ ಇಟ್ಟರು. ಯಾರಿಗೂ ಏನೂ ಆಗದಿದ್ದರೂ ಅದು ಬೀಳಬಹುದು. ಅದೇ ತಿದ್ದುಪಡಿಯಲ್ಲಿ 198ಎ ಎಂಬ ಕಲಮೂ ಬಂತು. ರಸ್ತೆಯ ವಿನ್ಯಾಸ, ನಿರ್ಮಾಣ, ನಿರ್ವಹಣೆಯಲ್ಲಿ ಸುರಕ್ಷತಾ ಮಾನದಂಡ ಪಾಲಿಸದ ಪ್ರಾಧಿಕಾರ, ಗುತ್ತಿಗೆದಾರ, ಸಲಹೆಗಾರರಿಗೆ ಒಂದು ಲಕ್ಷದವರೆಗೆ ದಂಡ. ಕೇಳಲು ಚೆನ್ನಾಗಿದೆ. ಆದರೆ ಅದು ಅನ್ವಯ ಆಗುವುದು ಆ ಲೋಪದಿಂದ ಯಾರಾದರೂ ಸತ್ತ ಮೇಲೆ, ಇಲ್ಲವೇ ಅಂಗವಿಕಲರಾದ ಮೇಲೆ. ಗೆರೆ ದಾಟಿದವನಿಗೆ ದಾಟಿದ ಕೂಡಲೇ ದಂಡ, ಗೆರೆ ಬಳಿಯದವನಿಗೆ ಹೆಣ ಬಿದ್ದ ಮೇಲೆ. ಇದು ಯಾವ ನ್ಯಾಯ?

ಗೆರೆ ಬಳಿದಿದ್ದೇವೆ ಎಂದು ಕಾಗದದಲ್ಲಿ ತೋರಿಸಿದರೂ ಸಾಲದು. ಹೆದ್ದಾರಿಗೆ ಹಾಕುವುದು ಗೋಡೆಯ ಪೇಂಟ್ ಅಲ್ಲ. ಕಾಯಿಸಿ ಕರಗಿಸಿ ಬಳಿಯುವ ದಪ್ಪ ಬಣ್ಣ ಅದು. ಬಿಸಿ ಇರುವಾಗಲೇ ಮೇಲೆ ಗಾಜಿನ ಸಣ್ಣ ಮಣಿಗಳನ್ನು ಚೆಲ್ಲುತ್ತಾರೆ. ಹೆಡ್‌ಲೈಟಿನ ಬೆಳಕು ಆ ಮಣಿಗಳಿಗೆ ತಾಗಿ ಡ್ರೈವರಿನ ಕಣ್ಣಿಗೇ ವಾಪಸ್ ಬರುತ್ತದೆ, ಅದಕ್ಕೇ ರಾತ್ರಿ ಗೆರೆ ಹೊಳೆಯುವುದು. ಮಣಿ ಉದುರಿದ ಮೇಲೂ ಹಗಲಿನಲ್ಲಿ ಬಣ್ಣ ಕಾಣುತ್ತಲೇ ಇರುತ್ತದೆ, ಆದರೆ ರಾತ್ರಿ ಮಂಕು. ಹಾಗಾಗಿ ಗೆರೆ ಸರಿಯಿದೆಯೇ ಎಂದು ಅಧಿಕಾರಿಗಳು ಮಧ್ಯಾಹ್ನ ಜೀಪಿನಲ್ಲಿ ಬಂದು ನೋಡಿದರೆ ಪ್ರಯೋಜನವಿಲ್ಲ. ರಾತ್ರಿ ಎಂಟು ಗಂಟೆಗೆ, ಮಳೆ ಹನಿಯುವಾಗ, ಬೈಕಿನಲ್ಲಿ ಬಂದು ನೋಡಲಿ.

"ಗೆರೆ ಬಳಿದುಬಿಟ್ಟರೆ ಅಪಘಾತ ನಿಲ್ಲುತ್ತಾ?" ಎಂದು ಕೇಳುವವರಿದ್ದಾರೆ. ಬರೀ ಗೆರೆಯಿಂದ ನಿಲ್ಲುವುದಿಲ್ಲ. ಬದು ಹಾಕಿದ ಮಾತ್ರಕ್ಕೆ ಒತ್ತುವರಿ ನಿಂತಿದೆಯೇ? ಆದರೂ ಬದು ಹಾಕುತ್ತೇವೆ, ಏಕೆಂದರೆ ಬದು ಇದ್ದರೆ ಮಾತ್ರ ಒತ್ತಿದವನನ್ನು ತೋರಿಸಿ ಕೇಳಬಹುದು. ಗೆರೆಯೇ ಇಲ್ಲದ ರಸ್ತೆಯಲ್ಲಿ ಯಾರು ಯಾರ ಕಡೆಗೆ ಬಂದರು ಎನ್ನುವುದಕ್ಕೆ ಗುರುತೇ ಇರುವುದಿಲ್ಲ. ಆಗ ಸತ್ತವನ ತಲೆಗೇ ತಪ್ಪು ಕಟ್ಟುವುದು ಸುಲಭ, ಅವನು ಎದ್ದು ಬಂದು ಮಾತಾಡುವುದಿಲ್ಲ.

ಕೇಳಿದರೆ ಕೊಡುತ್ತಾರಾ ಎನ್ನುವವರಿಗೆ ಅಮೆರಿಕದ ಒಬ್ಬ ಡಾಕ್ಟರಮ್ಮನ ಕಥೆ. ಕ್ಯಾಲಿಫೋರ್ನಿಯಾದ ಇಂಡಿಯೊ ಎಂಬ ಸಣ್ಣ ಊರಿನ ಜೂನ್ ಮೆಕ್‌ಕ್ಯಾರೊಲ್ ಅವರ ಕಾರನ್ನು 1917ರಲ್ಲಿ ಒಂದು ಟ್ರಕ್ಕು ರಸ್ತೆಯಿಂದ ಮರಳಿಗೆ ತಳ್ಳಿತು. ರಸ್ತೆಗೆ ನಡುಗೆರೆ ಹಾಕಿ ಎಂದು ಅವರು ಕೇಳಿದರು, ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಕೊನೆಗೆ ತಾವೇ ಬಿಳಿ ಬಣ್ಣ ತಂದು ಗೆರೆ ಎಳೆದರಂತೆ. ಹೆಂಗಸರ ಸಂಘಗಳನ್ನು ಸೇರಿಸಿಕೊಂಡು ಸರ್ಕಾರಕ್ಕೆ ಬರೆಯುತ್ತಲೇ ಹೋದರು. 1924ರಲ್ಲಿ ಆ ರಾಜ್ಯ ತನ್ನ ಹೆದ್ದಾರಿಗಳಿಗೆ ನಡುಗೆರೆಯನ್ನು ಒಪ್ಪಿಕೊಂಡಿತು. ಏಳು ವರ್ಷ ಹಿಡಿಯಿತು, ಆದರೆ ಆಯಿತು. ನಮ್ಮಲ್ಲಿ ಸ್ತ್ರೀಶಕ್ತಿ ಸಂಘಗಳಿಗೆ ಏನು ಕಡಿಮೆ?

ನಾವು ಬ್ರಷ್ ಹಿಡಿಯಬೇಕಾಗಿಲ್ಲ. ಪೆನ್ನು ಹಿಡಿದರೆ ಸಾಕು. ಹತ್ತು ರೂಪಾಯಿ ಕಟ್ಟಿ, ಹೆದ್ದಾರಿ ನೋಡಿಕೊಳ್ಳುವ ಕಚೇರಿಗೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ನಾಲ್ಕೇ ಪ್ರಶ್ನೆ: ನಮ್ಮೂರ ವ್ಯಾಪ್ತಿಯಲ್ಲಿ ಕೊನೆಯ ಸಲ ಗೆರೆ ಬಳಿದದ್ದು ಯಾವಾಗ? ನಿರ್ವಹಣೆಯ ಗುತ್ತಿಗೆ ಯಾರದು, ಯಾವ ದಿನಾಂಕದವರೆಗೆ? ರಾತ್ರಿ ಹೊಳಪನ್ನು ಪರೀಕ್ಷಿಸಿದ ದಾಖಲೆ ಇದೆಯೇ? ಮತ್ತೆ ಬಳಿಯುವುದು ಯಾವಾಗ? ಮೂವತ್ತು ದಿನದಲ್ಲಿ ಉತ್ತರ ಕೊಡುವುದು ಅವರ ಕರ್ತವ್ಯ. ಆ ಉತ್ತರವನ್ನು ಗ್ರಾಮಸಭೆಯಲ್ಲಿ ಜೋರಾಗಿ ಓದಿಸಿ. ಊರಿನ ಎರಡೂ ತುದಿಗೆ ಬೋರ್ಡು, ಬಸ್ ಸ್ಟ್ಯಾಂಡ್ ಮತ್ತು ಶಾಲೆ ಮುಂದೆ ಜೀಬ್ರಾ ಪಟ್ಟೆ, ಬೆಟ್ಟದ ತಿರುವಿಗೆ ಕಡಿಯದ ನಡುಗೆರೆ, ಪ್ರತಿ ಹಂಪ್ಸ್‌ಗೂ ರಾತ್ರಿ ಹೊಳೆಯುವ ಬಣ್ಣ ಬೇಕೆಂದು ಠರಾವು ಬರೆಸಿ. ಠರಾವಿನ ನಕಲು ತಪ್ಪದೆ ಇಸಿದುಕೊಳ್ಳಿ. ನಾಳೆ ಯಾರಿಗಾದರೂ ಏನಾದರೂ ಆದರೆ, "ನಮಗೆ ಯಾರೂ ಹೇಳಿರಲಿಲ್ಲ" ಎನ್ನುವ ಬಾಯಿಯನ್ನು ಮುಚ್ಚಿಸುವುದು ಆ ಕಾಗದವೇ.

ಅಷ್ಟರವರೆಗೆ, ಇರುವ ಗೆರೆಯನ್ನಾದರೂ ನೋಡಿ ಗಾಡಿ ಓಡಿಸಿ. ಮನೆಯಲ್ಲಿ ಹೊಸದಾಗಿ ಬೈಕು ಹಿಡಿದ ಮಗನಿಗೂ ಮಗಳಿಗೂ, ಕಡಿಯದ ಗೆರೆಯನ್ನು ದಾಟಬಾರದು ಎಂದು ಇವತ್ತು ರಾತ್ರಿ ಊಟಕ್ಕೆ ಕೂತಾಗಲೇ ಹೇಳಿ.