ಕಾಲೇಜು ಬಾಸ್ಕೆಟ್‌ಬಾಲ್: ಅಂಗಣ ಹತ್ತಿರ, ಟಿವಿ ದೂರ

ಮೆಟ್ಟುಪಾಳ್ಯಂ: ಕ್ರಿಕೆಟ್ ಆದರೆ ರಿಮೋಟ್ ಒತ್ತಿದರೆ ಸಾಕು. ಮಗಳು ಕಾಲೇಜು ತಂಡದಲ್ಲಿ ಬಾಸ್ಕೆಟ್‌ಬಾಲ್ ಆಡುತ್ತಿದ್ದರೆ, ಸಿರುಮುಗೈ ಕಡೆಯ ಕನ್ನಡ ಮನೆಯವರು ಆ ಫೈನಲ್ ಪಂದ್ಯವನ್ನು ಎಲ್ಲಿ ನೋಡಬೇಕು?

ನಂಬಬಹುದಾದ ದಾರಿ ದೂರದರ್ಶನವೇ. 2020ರಲ್ಲಿ ಭುವನೇಶ್ವರದಲ್ಲಿ ಶುರುವಾಗಿ, 2022ರಲ್ಲಿ ಬೆಂಗಳೂರಿಗೆ ಬಂದ ಖೇಲೋ ಇಂಡಿಯಾ ವಿಶ್ವವಿದ್ಯಾಲಯ ಕ್ರೀಡಾಕೂಟದಲ್ಲಿ ಬಾಸ್ಕೆಟ್‌ಬಾಲೂ ಸೇರಿತ್ತು. ಕೂಟದ ಆಯ್ದ ಪಂದ್ಯಗಳನ್ನು ಡಿಡಿ ಸ್ಪೋರ್ಟ್ಸ್ ತೋರಿಸುತ್ತಾ ಬಂದಿದೆ. ಡಿಡಿ ಫ್ರೀ ಡಿಶ್ ಇದ್ದವರಿಗೆ ತಿಂಗಳ ಬಾಡಿಗೆಯ ಹೊರೆಯೂ ಇಲ್ಲ. ಮೊಬೈಲಿನಲ್ಲಿ ನೋಡುವವರಿಗೆ ಪ್ರಸಾರ ಭಾರತಿ 2024ರ ನವೆಂಬರಿನಲ್ಲಿ ತಂದ 'ವೇವ್ಸ್' ಆ್ಯಪ್ ಇದೆ.

ಉಳಿದ ಅಂತರ ವಿಶ್ವವಿದ್ಯಾಲಯ ಪಂದ್ಯಗಳಿಗೆ ಆತಿಥ್ಯ ವಹಿಸಿದ ಕಾಲೇಜಿನ ಯೂಟ್ಯೂಬ್ ನೇರಪ್ರಸಾರವೇ ಗತಿ, ಅದೂ ಇದ್ದರೆ! ರಾಷ್ಟ್ರೀಯ ಮಹತ್ವದ ಪಂದ್ಯಗಳ ಸಿಗ್ನಲ್ಲನ್ನು ದೂರದರ್ಶನಕ್ಕೂ ಕೊಡಬೇಕೆಂದು ಖಾಸಗಿ ಚಾನೆಲ್‌ಗಳಿಗೆ 2007ರ ಕಾಯ್ದೆ ವಿಧಿಸಿದೆ. ಆದರೆ ಯಾರೂ ಕ್ಯಾಮೆರಾ ಇಡದ ಪಂದ್ಯದಲ್ಲಿ ಕೊಡುವುದಕ್ಕೆ ಏನಿದೆ?

ಪಂದ್ಯ ಕೊಯಮತ್ತೂರಿನಲ್ಲಿದ್ದರೆ ಚಿಂತೆಯಿಲ್ಲ, ಸುಮಾರು 35 ಕಿ.ಮೀ.; ರೈಲು ಹತ್ತಿದರಾಯಿತು. ದೂರದ ಊರಾದರೆ ವೇಳಾಪಟ್ಟಿ ಬಂದ ದಿನವೇ ತಂಡದ ಕೋಚ್ ಹತ್ತಿರ ಲಿಂಕ್ ಕೇಳಿಟ್ಟುಕೊಳ್ಳುವುದು ಜಾಣತನ. ಉಳಿದದ್ದು ವಿಶ್ವವಿದ್ಯಾಲಯಗಳ ಹೊಣೆ. ಒಂದು ಮೊಬೈಲು, ಒಂದು ಸ್ಟ್ಯಾಂಡು ಇದ್ದರೂ ಮಗಳ ಆಟ ಮನೆ ತಲುಪುತ್ತದೆ.