‘ಆಟಾಪ್ಸಿ’ ಎಂದರೆ ಶವಪರೀಕ್ಷೆಯಷ್ಟೇ ಅಲ್ಲ

ಇಂಗ್ಲಿಷಿನ ‘ಆಟಾಪ್ಸಿ’ ಎಂಬ ಪದ ಕಿವಿಗೆ ಬಿದ್ದೊಡನೆ ನಮಗೆ ನೆನಪಾಗುವುದು ಆಸ್ಪತ್ರೆಯ ಶವಾಗಾರ, ಪೊಲೀಸರ ಮಹಜರು, ಪತ್ರಿಕೆಗಳ ಅಪರಾಧ ವರದಿ. ಕನ್ನಡದಲ್ಲಿ ಅದಕ್ಕೆ ಶವಪರೀಕ್ಷೆ, ಮರಣೋತ್ತರ ಪರೀಕ್ಷೆ ಎಂಬ ಮಾತುಗಳು ರೂಢಿಯಾಗಿವೆ. ಆದರೆ ಹದಿನೇಳು ಮತ್ತು ಹದಿನೆಂಟನೆಯ ಶತಮಾನಗಳ ಇಂಗ್ಲಿಷ್ ವಿದ್ವಾಂಸರು ಈ ಪದವನ್ನು ಬೇರೊಂದು ಅರ್ಥದಲ್ಲಿ ಬಳಸುತ್ತಿದ್ದರು. ಪರರ ಮಾತನ್ನು ನೆಚ್ಚದೆ, ಒಂದು ವಸ್ತುವನ್ನು ತನ್ನ ಕಣ್ಣಿನಿಂದ ತಾನೇ ನೋಡಿ ತಿಳಿಯುವುದು, ಅಂದರೆ ಸ್ವಂತ ಅವಲೋಕನ, ಎಂಬುದೇ ಆ ಅರ್ಥ. 1755ರಲ್ಲಿ ಪ್ರಕಟವಾದ ಸ್ಯಾಮ್ಯುಯೆಲ್ ಜಾನ್ಸನ್ನನ ನಿಘಂಟು ಈ ಪದಕ್ಕೆ ಕೊಡುವುದು ಕಣ್ಣಾರೆ ಕಾಣುವುದೆಂಬ ಅರ್ಥವನ್ನು; ಶವದ ಸುದ್ದಿಯೇ ಅಲ್ಲಿಲ್ಲ. ಇಂದಿನ ನಿಘಂಟುಗಳು ಈ ಹಳೆಯ ಅರ್ಥದ ಪಕ್ಕದಲ್ಲಿ ‘ಬಳಕೆ ತಪ್ಪಿದ್ದು’ ಎಂಬ ಗುರುತನ್ನು ಹಾಕುತ್ತವೆ. ನನ್ನ ತಕರಾರು ಆ ಗುರುತಿನ ಬಗ್ಗೆ ಅಲ್ಲ, ಅದನ್ನು ನಾವು ಓದಿಕೊಳ್ಳುತ್ತಿರುವ ರೀತಿಯ ಬಗ್ಗೆ. ಪದದ ಅರ್ಥ ಬಳಕೆ ತಪ್ಪಿತು ಎಂದರೆ ಆ ಅರ್ಥ ವಿಧಿಸುತ್ತಿದ್ದ ಕರ್ತವ್ಯವೂ ಬಳಕೆ ತಪ್ಪಿತು ಎಂಬಂತೆ ನಮ್ಮ ಸಂಶೋಧನಾ ವಲಯ ನಡೆದುಕೊಳ್ಳುತ್ತಿದೆ.

ಮೊದಲು ಪದದ ಬಗ್ಗೆ ಹಬ್ಬಿರುವ ಎರಡು ತಪ್ಪು ವಿವರಣೆಗಳನ್ನು ನಿವಾರಿಸಿಕೊಳ್ಳಬೇಕು. ‘ಆಟೋ’ ಎಂದರೆ ತನ್ನನ್ನು, ‘ಆಪ್ಸಿ’ ಎಂದರೆ ನೋಡುವುದು. ಆದ್ದರಿಂದ ಇದು ಆತ್ಮಪರೀಕ್ಷೆ, ಇನ್ನೊಬ್ಬನ ಶವವನ್ನು ಸೀಳುವುದಕ್ಕೆ ಈ ಹೆಸರು ಸಲ್ಲದು ಎಂದು ಕೆಲವರು ಹೇಳುತ್ತಾರೆ. ಮನುಷ್ಯನು ತನ್ನದೇ ಜಾತಿಯ ಜೀವಿಯನ್ನು ಪರೀಕ್ಷಿಸುವುದರಿಂದ ‘ಆಟೋ’ ಬಂದಿದೆ, ಪ್ರಾಣಿಗಳ ವಿಷಯದಲ್ಲಿ ‘ನೆಕ್ರಾಪ್ಸಿ’ ಎಂದೇ ಹೇಳಬೇಕು ಎಂಬುದು ಮತ್ತೊಂದು ವಾದ. ಎರಡೂ ಗ್ರೀಕ್ ಸಮಾಸವನ್ನು ಬಿಡಿಸಲಾರದೆ ಹುಟ್ಟಿದವು. ಇಲ್ಲಿ ‘ಆಟೋ’ ಎಂಬುದು ಕರ್ಮವಲ್ಲ, ಕರ್ತೃ. ತನ್ನನ್ನು ನೋಡುವುದಲ್ಲ, ತಾನೇ ನೋಡುವುದು. ನೋಡಲ್ಪಟ್ಟ ವಸ್ತು ಯಾವುದೆಂಬುದನ್ನು ಪದ ಹೇಳುವುದೇ ಇಲ್ಲ. ಅದು ಗಿಡವಾಗಬಹುದು, ನದಿಯಾಗಬಹುದು, ಶಿಲೆಯಾಗಬಹುದು. ನೋಡಿದವನು ಯಾರು ಎಂಬ ಒಂದೇ ಪ್ರಶ್ನೆಗೆ ಆ ಪದ ಉತ್ತರ ಕೊಡುತ್ತದೆ.

ಈ ಪ್ರಶ್ನೆ ಗ್ರೀಕರಿಗೆ ಎಷ್ಟು ಮುಖ್ಯವಾಗಿತ್ತೆಂಬುದನ್ನು ಹೆರೊಡೊಟಸನಲ್ಲಿ ಕಾಣಬಹುದು. ಈಜಿಪ್ಟಿನ ವೃತ್ತಾಂತವನ್ನು ಹೇಳುವಾಗ ಅವನು ಎಲಿಫೆಂಟೈನ್ ಪಟ್ಟಣದವರೆಗೆ ತಾನೇ ಹೋಗಿ ನೋಡಿದವನೆಂದೂ ಅದರಾಚೆಗಿನದು ಕೇಳಿ ತಿಳಿದದ್ದೆಂದೂ ಗೆರೆ ಎಳೆದು ತಿಳಿಸುತ್ತಾನೆ. ಅಲ್ಲಿ ಅವನು ತನಗೆ ಬಳಸಿಕೊಳ್ಳುವ ವಿಶೇಷಣ ಇದೇ ಪದದ ಬಂಧು. ಹೆರೊಡೊಟಸನು ನಂಬಲರ್ಹನೋ ಅಲ್ಲವೋ ಎಂಬ ಚರ್ಚೆ ಇಂದಿಗೂ ನಿಂತಿಲ್ಲ. ಆದರೆ ಕಂಡದ್ದು ಎಲ್ಲಿ ಮುಗಿಯಿತು, ಕೇಳಿದ್ದು ಎಲ್ಲಿಂದ ಮೊದಲಾಯಿತು ಎಂಬುದನ್ನು ಓದುಗನಿಗೆ ತಿಳಿಸುವ ಸೌಜನ್ಯವನ್ನು ಅವನು ಇಪ್ಪತ್ತನಾಲ್ಕು ಶತಮಾನಗಳಿಗೂ ಹಿಂದೆ ತೋರಿಸಿದ. ಪಾಲಿಬಿಯಸನು ತನ್ನ ಇತಿಹಾಸದ ಹನ್ನೆರಡನೆಯ ಭಾಗದಲ್ಲಿ ಟಿಮಯಸನನ್ನು ತರಾಟೆಗೆ ತೆಗೆದುಕೊಳ್ಳುವುದು ಈ ಕಾರಣಕ್ಕೇ. ಸುಮಾರು ಐವತ್ತು ವರ್ಷ ಅಥೆನ್ಸಿನಲ್ಲಿ ನೆಲೆಸಿ, ಪುಸ್ತಕಗಳ ನಡುವೆ ಕುಳಿತು, ತಾನು ನೋಡದ ನಾಡುಗಳ ಮತ್ತು ಯುದ್ಧಗಳ ಇತಿಹಾಸವನ್ನು ಬರೆದನೆಂಬುದು ಟಿಮಯಸನ ಮೇಲಿನ ಆರೋಪ. ಗ್ರಂಥಭಂಡಾರವಿರುವ ಊರಿನಲ್ಲಿ ಒರಗಿಕೊಂಡು ಮಾಡಬಹುದಾದ ಸಂಶೋಧನೆಗೆ ಅಪಾಯವೂ ಇಲ್ಲ, ಆಯಾಸವೂ ಇಲ್ಲ ಎಂಬ ಪಾಲಿಬಿಯಸನ ವ್ಯಂಗ್ಯ ನಮ್ಮ ಕಾಲಕ್ಕೆ ಇನ್ನಷ್ಟು ಚೆನ್ನಾಗಿ ಒಪ್ಪುತ್ತದೆ.

ವೈದ್ಯರಲ್ಲಿ ಈ ಪದ ಶಾಸ್ತ್ರದ ಪರಿಭಾಷೆಯೇ ಆಯಿತು. ಅನುಭವವಾದಿಗಳೆಂದು ಹೆಸರಾದ ಪ್ರಾಚೀನ ಗ್ರೀಕ್ ವೈದ್ಯಪಂಥದವರು ಜ್ಞಾನಕ್ಕೆ ಮೂರು ಆಧಾರಗಳನ್ನು ಹೇಳಿದರು: ತಾನೇ ಕಂಡದ್ದು, ಇತರರು ಕಂಡು ದಾಖಲಿಸಿದ್ದು, ಇವೆರಡೂ ದೊರೆಯದಾಗ ಸದೃಶವಾದ ಇನ್ನೊಂದರಿಂದ ಊಹಿಸಿದ್ದು. ಇವುಗಳಲ್ಲಿ ಎರಡನೆಯದು ಮೊದಲನೆಯದರ ಬಲದಿಂದಲೇ ನಿಲ್ಲುತ್ತದೆ ಎಂಬುದನ್ನು ಸಂಶೋಧನ ವಿದ್ಯಾರ್ಥಿಗಳು ಗಮನಿಸಬೇಕು. ಇತರರ ದಾಖಲೆಗೆ ಬೆಲೆ ಬರುವುದು ಯಾರೋ ಒಬ್ಬರು ಎಲ್ಲೋ ಒಮ್ಮೆ ಕಣ್ಣಿಟ್ಟು ನೋಡಿದ್ದರೆ ಮಾತ್ರ. ಡಯಾಸ್ಕೊರಿಡೀಸನು ಔಷಧದ್ರವ್ಯಗಳನ್ನು ಕುರಿತ ತನ್ನ ಗ್ರಂಥದ ಪೀಠಿಕೆಯಲ್ಲಿ ಬಹುಪಾಲು ವಿಷಯವನ್ನು ಸ್ವತಃ ನೋಡಿ ತಿಳಿದೆನೆಂದು ಹೇಳಿ, ಉಳಿದದ್ದಕ್ಕೆ ಒಮ್ಮತದ ದಾಖಲೆಗಳನ್ನೂ ಆಯಾ ಸ್ಥಳದವರನ್ನು ವಿಚಾರಿಸಿದ್ದನ್ನೂ ಆಧಾರವಾಗಿ ಹೇಳುತ್ತಾನೆ. ಪ್ಯಾಂಫಿಲಸ್ ಎಂಬುವನು ಗಿಡಮೂಲಿಕೆಗಳನ್ನು ಕಾಣದೆಯೇ ಅವುಗಳ ವರ್ಣನೆ ಬರೆದನೆಂದು ಗೇಲನ್ ಕಟುವಾಗಿ ಟೀಕಿಸಿದ್ದೂ ಇದೇ ನೆಲೆಯಿಂದ.

ಹಾಗಾದರೆ ಈ ಪದ ಶವದ ಬಳಿಗೆ ಹೇಗೆ ಬಂದಿತು? ಅದರ ಹಾದಿಯೂ ಅರ್ಥಪೂರ್ಣವಾದದ್ದೇ. ವಿಪರ್ಯಾಸವೆಂದರೆ, ಕಾಣದೆ ಬರೆದವರನ್ನು ಜರೆದ ಗೇಲನ್ನನ ಅಂಗರಚನಾಶಾಸ್ತ್ರವೇ ಬಹುಮಟ್ಟಿಗೆ ಮಂಗ, ಹಂದಿ, ದನ ಮುಂತಾದ ಪ್ರಾಣಿಗಳನ್ನು ನೋಡಿ ರಚಿತವಾಗಿತ್ತು. ಮುಂದಿನ ಶತಮಾನಗಳಲ್ಲಿ ಅಧ್ಯಾಪಕನು ಎತ್ತರದ ಪೀಠದಲ್ಲಿ ಕುಳಿತು ಗ್ರಂಥವನ್ನು ಪಠಿಸುತ್ತಿದ್ದ, ಕೆಳಗೆ ಇನ್ನೊಬ್ಬನು ಶವವನ್ನು ಸೀಳುತ್ತಿದ್ದ. ಓದುವವನು ನೋಡುತ್ತಿರಲಿಲ್ಲ, ನೋಡುವವನಿಗೆ ಓದು ಬರುತ್ತಿರಲಿಲ್ಲ. ವೆಸಾಲಿಯಸ್ ಪೀಠದಿಂದ ಇಳಿದು ತಾನೇ ಕತ್ತಿ ಹಿಡಿದ. 1543ರಲ್ಲಿ ಪ್ರಕಟವಾದ ಅವನ ಮಹಾಗ್ರಂಥದ ಶಕ್ತಿಯೆಲ್ಲ ಅಲ್ಲಿಂದ ಬಂದದ್ದು. ಮಿದುಳಿನ ತಳದಲ್ಲಿ ಗೇಲನ್ ವರ್ಣಿಸಿದ್ದ ರಕ್ತನಾಳಗಳ ಅದ್ಭುತ ಜಾಲ ಕುರಿ, ದನಗಳಲ್ಲಿ ಉಂಟು, ಮನುಷ್ಯನಲ್ಲಿ ಇಲ್ಲ. ಇದು ತಿಳಿಯಲು ಇನ್ನೊಂದು ಗ್ರಂಥ ಬೇಕಾಗಿರಲಿಲ್ಲ. ಮನುಷ್ಯನ ತಲೆಯನ್ನು ತೆರೆದು ನೋಡಬೇಕಾಗಿತ್ತು. ವೈದ್ಯರು ಹೀಗೆ ನೋಡುವುದನ್ನು ಹೆಸರಿಸುವಾಗ ‘ಆಟಾಪ್ಸಿ’ಯ ಲ್ಯಾಟಿನ್ ಮತ್ತು ಫ್ರೆಂಚ್ ರೂಪಗಳಿಗೆ ಶವಸಂಬಂಧಿ ಎಂಬ ವಿಶೇಷಣವೊಂದನ್ನು ಸೇರಿಸುತ್ತಿದ್ದರು. ಶವವನ್ನು ಸೂಚಿಸುತ್ತಿದ್ದದ್ದು ಆ ವಿಶೇಷಣ. ಕಾಲಕ್ರಮದಲ್ಲಿ ಅದು ಉದುರಿಹೋಗಿ, ಅದರ ಅರ್ಥವನ್ನೆಲ್ಲ ನಾಮಪದವೇ ಹೊತ್ತುಕೊಂಡಿತು. ಹತ್ತೊಂಬತ್ತನೆಯ ಶತಮಾನದಲ್ಲಿ ಈ ಹೊಸ ಅರ್ಥ ಗಟ್ಟಿಯಾಗಿ ಬೇರೂರಿತು, ಹಳೆಯದು ಸಾಮಾನ್ಯ ಬಳಕೆಯಿಂದ ಹಿಂದೆ ಸರಿಯಿತು.

ಆದರೆ ಅದು ಸತ್ತಿತೇ? ಗ್ರೀಕ್ ಮತ್ತು ರೋಮನ್ ಶಾಸನಗಳ ಸಂಪಾದಕರು ಇಂಗ್ಲಿಷಿನಲ್ಲಿ ಬರೆಯುವಾಗ ಇಂದಿಗೂ ಈ ಪದವನ್ನು ಹಳೆಯ ಅರ್ಥದಲ್ಲೇ ಬಳಸುತ್ತಾರೆ. ತಾವು ಕಲ್ಲನ್ನು ಸ್ವತಃ ನೋಡಿ ಪಾಠವನ್ನು ನಿರ್ಣಯಿಸಿದೆವೋ ಅಥವಾ ಅಚ್ಚಿನಿಂದ, ಛಾಯಾಚಿತ್ರದಿಂದ ನಿರ್ಣಯಿಸಿದೆವೋ ಎಂಬುದನ್ನು ತಿಳಿಸುವುದು ಅಲ್ಲಿ ಸಂಪಾದನೆಯ ಭಾಗ. ಹದಿನೇಳನೆಯ ಶತಮಾನದ ಜರ್ಮನ್ ಮುದ್ರಿತ ಗ್ರಂಥಗಳ ಬೃಹತ್ ಸೂಚಿ ಸಿದ್ಧವಾದದ್ದು, ಹಳೆಯ ಸೂಚಿಗಳನ್ನು ನಕಲು ಮಾಡದೆ ಪ್ರತಿಯನ್ನು ಕೈಯಲ್ಲಿ ಹಿಡಿದು ವಿವರ ಬರೆಯುವ ಕ್ರಮದಿಂದ. ಆ ಕ್ರಮಕ್ಕೆ ಜರ್ಮನ್ ಗ್ರಂಥಪಾಲಕರ ಹೆಸರು ಇದೇ ಪದ. ಸಸ್ಯವಿಜ್ಞಾನಿಗಳು ಒಂದು ಮಾದರಿಯನ್ನು ಉಲ್ಲೇಖಿಸುವಾಗ ಅದರ ಮುಂದೆ ಆಶ್ಚರ್ಯಸೂಚಕ ಚಿಹ್ನೆಯನ್ನು ಹಾಕುತ್ತಾರೆ. ಅದರ ಅರ್ಥ ಬೆರಗಲ್ಲ. ‘ಈ ಮಾದರಿಯನ್ನು ನಾನು ನೋಡಿದ್ದೇನೆ’ ಎಂಬ ಘೋಷಣೆ. ಎಲ್ಲಿ ತಪ್ಪಿಗೆ ಬೆಲೆ ತೆರಬೇಕಾಗುತ್ತದೆಯೋ ಅಲ್ಲೆಲ್ಲ ಈ ಪರಿಕಲ್ಪನೆ ಜೀವಂತವಾಗಿದೆ.

ಇದರಿಂದ ಕನ್ನಡದ ಸಂಶೋಧಕನಿಗೆ ಏನಾಗಬೇಕಾಗಿದೆ ಎಂಬ ಪ್ರಶ್ನೆಗೆ ನಮ್ಮ ಶಾಸನಶಾಸ್ತ್ರದ ಚರಿತ್ರೆಯೇ ಉತ್ತರಿಸುತ್ತದೆ. ಬಿ.ಎಲ್. ರೈಸ್ 1886ರಿಂದ ಮೊದಲ್ಗೊಂಡು ‘ಎಪಿಗ್ರಾಫಿಯ ಕರ್ನಾಟಿಕ’ದ ಹನ್ನೆರಡು ಸಂಪುಟಗಳಲ್ಲಿ ಸುಮಾರು 9000 ಶಾಸನಗಳನ್ನು ಬೆಳಕಿಗೆ ತಂದರು. ಶ್ರವಣಬೆಳಗೊಳದ ಶಾಸನಗಳನ್ನು ಅವರು 1889ರಲ್ಲಿ ಪ್ರಕಟಿಸಿದಾಗ ಅವುಗಳ ಸಂಖ್ಯೆ 144. ಆ ಸಂಪುಟವೇ ಸಾಕೆಂದು ಮುಂದಿನವರು ಕುಳಿತಿದ್ದರೆ ನಮ್ಮ ತಿಳಿವು 144ರಲ್ಲೇ ನಿಲ್ಲುತ್ತಿತ್ತು. ಆರ್. ನರಸಿಂಹಾಚಾರ್ಯರ 1923ರ ಪರಿಷ್ಕೃತ ಆವೃತ್ತಿಯಲ್ಲಿ ಆ ಸಂಖ್ಯೆ 500 ಆಯಿತು. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆಯ 1973ರ ಆವೃತ್ತಿಯಲ್ಲಿ 573. ಊರು ಅದೇ, ಬೆಟ್ಟಗಳು ಅವೇ. ಮತ್ತೆ ಹೋಗಿ ಹುಡುಕಿ ನೋಡಿದ್ದರಿಂದ ಬಂದ ಫಲವಿದು. ರೈಸರ ಶ್ರಮಕ್ಕೆ ಇದರಿಂದ ಕುಂದಿಲ್ಲ. ಹಿರಿಯರ ಕೆಲಸಕ್ಕೆ ಸಲ್ಲಿಸುವ ನಿಜವಾದ ಗೌರವ ಅವರು ನಿಂತಲ್ಲಿ ಹೋಗಿ ನಿಂತು ನೋಡುವುದೇ ಹೊರತು ಅವರ ಪುಟಸಂಖ್ಯೆಯನ್ನು ನಕಲು ಮಾಡುವುದಲ್ಲ.

ಇಂದು ನಡೆಯುತ್ತಿರುವುದೇನು? ಮಹಾಪ್ರಬಂಧವೊಂದು ಶಾಸನವನ್ನು ಉಲ್ಲೇಖಿಸುತ್ತದೆ; ಅಡಿಟಿಪ್ಪಣಿಯಲ್ಲಿ ಸಂಪುಟ, ತಾಲ್ಲೂಕು, ಸಂಖ್ಯೆ ಎಲ್ಲವೂ ಇರುತ್ತದೆ. ಆದರೆ ಬರೆದವರು ಕಲ್ಲನ್ನಿರಲಿ, ಸಂಪುಟವನ್ನೂ ನೋಡಿರುವುದಿಲ್ಲ. ಹಿಂದಿನ ಇನ್ನೊಂದು ಪ್ರಬಂಧದ ಅಡಿಟಿಪ್ಪಣಿಯನ್ನು ನೋಡಿರುತ್ತಾರೆ. ಆ ಹಿಂದಿನವರು ಸಂಪುಟದ ಮೂಲಪಾಠವನ್ನು ಬಿಟ್ಟು ಇಂಗ್ಲಿಷ್ ಅನುವಾದವನ್ನು ಮಾತ್ರ ಓದಿರುತ್ತಾರೆ. ಸಂಪಾದಕರು ಸವೆದುಹೋದ ಅಕ್ಷರಗಳನ್ನು ಊಹಿಸಿ ಚೌಕ ಕಂಸದಲ್ಲಿ ಇಟ್ಟದ್ದು ಮೊದಲ ಉಲ್ಲೇಖದಲ್ಲಿ ಕಂಸ ಕಳಚಿಕೊಳ್ಳುತ್ತದೆ, ಎರಡನೆಯದರಲ್ಲಿ ಪ್ರಮಾಣವಾಗುತ್ತದೆ, ಮೂರನೆಯದರಲ್ಲಿ ಅದರ ಮೇಲೆ ಒಂದು ಸಿದ್ಧಾಂತ ನಿಲ್ಲುತ್ತದೆ. ಸಂಪಾದಕನ ವಿನಯದ ಊಹೆ ಹೀಗೆ ಕಲ್ಲಿನ ಮಾತಾಗಿ ಪರಿವರ್ತನೆ ಹೊಂದುವುದನ್ನು ತಡೆಯುವ ಕಾವಲು ನಮ್ಮ ಪದ್ಧತಿಯಲ್ಲಿಲ್ಲ. ಹಸ್ತಪ್ರತಿಗಳ ವಿಷಯದಲ್ಲೂ ಅಷ್ಟೇ. ಹಳೆಯ ಗ್ರಂಥಸಂಪಾದಕರು ತಾವು ಬಳಸಿದ ಓಲೆಪ್ರತಿಗಳಿಗೆ ಕ, ಖ, ಗ ಎಂದು ಗುರುತು ಕೊಟ್ಟು, ಗರಿಗಳ ಸ್ಥಿತಿಯನ್ನು ವಿವರಿಸಿ, ಪಾಠಾಂತರಗಳನ್ನು ಪುಟದ ಕೆಳಗೆ ಇಟ್ಟರು. ಆ ಪುಟದ ಕೆಳಗೆ ಕಣ್ಣು ಹಾಯಿಸದೆಯೇ ಕವಿಯ ಪದಪ್ರಯೋಗವನ್ನು ಕುರಿತು ಬರೆಯುವವರು ಇಂದು ಎಷ್ಟು ಮಂದಿಯಿಲ್ಲ?

ಇದಕ್ಕೆ ಬರುವ ಆಕ್ಷೇಪಗಳು ನನಗೆ ಗೊತ್ತು. ಪದಗಳ ಅರ್ಥ ಬದಲಾಗುವುದು ಭಾಷೆಯ ಸಹಜಧರ್ಮ, ವ್ಯುತ್ಪತ್ತಿಯನ್ನು ಹಿಡಿದು ಜಗ್ಗುವುದು ಪಾಂಡಿತ್ಯದ ಹಟ ಎನ್ನಬಹುದು. ಒಪ್ಪೋಣ. ಎಳ್ಳಿನ ನೆಯ್ ‘ಎಣ್ಣೆ’ಯಾಯಿತು; ಹಾಗೆಂದು ಕಡಲೆಕಾಯಿ ಎಣ್ಣೆ, ಸೀಮೆಎಣ್ಣೆ ಎನ್ನಬಾರದೆಂದು ಯಾರೂ ವಾದಿಸುವುದಿಲ್ಲ. ವೈದ್ಯರು ‘ಆಟಾಪ್ಸಿ’ಯನ್ನು ತಮ್ಮ ಅರ್ಥದಲ್ಲಿ ಬಳಸಲಿ. ಆದರೆ ಹದಿನೇಳನೆಯ ಶತಮಾನದ ಇಂಗ್ಲಿಷ್ ಬರಹವನ್ನು ಓದುವ ಸಾಹಿತ್ಯದ ವಿದ್ಯಾರ್ಥಿ ಅಲ್ಲಿ ಶವವನ್ನು ಕಂಡರೆ ಅದು ಭಾಷೆಯ ಸಹಜಧರ್ಮವಲ್ಲ, ಓದಿನ ದೋಷ. ‘ಬಳಕೆ ತಪ್ಪಿದ್ದು’ ಎಂಬ ನಿಘಂಟಿನ ಗುರುತು ಆ ಅರ್ಥವನ್ನು ಮರೆಯಲು ಕೊಟ್ಟ ಅನುಮತಿಯಲ್ಲ. ಹಳೆಯ ಗ್ರಂಥಗಳಲ್ಲಿ ಅದನ್ನು ನಿರೀಕ್ಷಿಸಿ ಎಂಬ ಎಚ್ಚರಿಕೆ.

ಕಣ್ಣೂ ತಪ್ಪುತ್ತದೆಯಲ್ಲವೇ ಎಂಬುದು ಇನ್ನೊಂದು ಆಕ್ಷೇಪ. ಖಂಡಿತ ತಪ್ಪುತ್ತದೆ. ಮಳೆಗಾಳಿಗೆ ಸವೆದ ಕಲ್ಲಿನಲ್ಲಿ ಇಂದು ನಾವು ಕಾಣದ ಅಕ್ಷರ ನೂರು ವರ್ಷಗಳ ಹಿಂದಿನ ಅಚ್ಚುಪ್ರತಿಯಲ್ಲಿ ಉಳಿದಿರಬಹುದು. ನಡುಹಗಲಿನ ನೇರ ಬಿಸಿಲಿನಲ್ಲಿ ಅಡಗಿದ ಗೆರೆ ಸಂಜೆಯ ಓರೆ ಬೆಳಕಿನಲ್ಲಿ ಮೂಡಬಹುದು. ಬರಿಗಣ್ಣಿಗೆ ದಕ್ಕದ್ದು ಡಿಜಿಟಲ್ ಬಿಂಬದಲ್ಲಿ ದಕ್ಕಬಹುದು. ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು ಎಂದು ನಮ್ಮ ಗಾದೆಯೇ ಹೇಳುತ್ತದೆ. ಆದರೆ ಆ ಗಾದೆಯಲ್ಲಿ ಎರಡು ಮೆಟ್ಟಿಲುಗಳಿವೆ: ಮೊದಲು ಕಾಣಬೇಕು, ಆಮೇಲೆ ಪ್ರಮಾಣಿಸಬೇಕು. ಕಾಣುವುದನ್ನೇ ಬಿಟ್ಟವನು ಪ್ರಮಾಣಿಸುವುದೇನನ್ನು? ಕಂಡದ್ದೆಲ್ಲ ಸತ್ಯವೆಂದು ನಾನು ಹೇಳುತ್ತಿಲ್ಲ. ಕಂಡೆನೋ ಇಲ್ಲವೋ ಎಂಬುದನ್ನು ಮರೆಮಾಚುವುದು ಅಸತ್ಯವೆಂದು ಹೇಳುತ್ತಿದ್ದೇನೆ.

ಎಲ್ಲರೂ ಎಲ್ಲವನ್ನೂ ಹೋಗಿ ನೋಡಲಾಗದು ಎಂಬುದೂ ನಿಜ. ಶಿಷ್ಯವೇತನವಿಲ್ಲದ ವಿದ್ಯಾರ್ಥಿಗೆ ದೂರದ ಊರಿನ ಪಯಣ ಸುಲಭವಲ್ಲ. ಓಲೆಗಳು ಬೀಗದೊಳಗಿರುತ್ತವೆ, ಕಲ್ಲುಗಳು ಯಾರದೋ ಹಿತ್ತಿಲಿನಲ್ಲಿರುತ್ತವೆ. ನೋಡಲಾಗದಿರುವುದು ಅಪರಾಧವಲ್ಲ. ಎಲಿಫೆಂಟೈನಿನಿಂದ ಆಚೆಗೆ ಹೆರೊಡೊಟಸನೂ ಹೋಗಲಿಲ್ಲ. ಹೋಗಲಿಲ್ಲವೆಂದು ಹೇಳಿದ, ಅಷ್ಟೇ. ನಮ್ಮಿಂದ ಬೇಕಾಗಿರುವುದೂ ಅಷ್ಟೇ. ಅಡಿಟಿಪ್ಪಣಿಯಲ್ಲಿ ಒಂದು ಪದ ಹೆಚ್ಚಿಗೆ ಬರೆಯೋಣ: ‘ಕಲ್ಲನ್ನು ನೋಡಿದೆ’, ‘ಅಚ್ಚುಪ್ರತಿಯನ್ನು ನೋಡಿದೆ’, ‘ಮುದ್ರಿತ ಪಾಠದಿಂದ’, ‘ಅನುವಾದದಿಂದ’, ‘ಇನ್ನೊಬ್ಬರ ಉಲ್ಲೇಖದಿಂದ’. ಮಹಾಪ್ರಬಂಧಗಳ ಮಾರ್ಗದರ್ಶಕರು ಇದನ್ನು ಕಡ್ಡಾಯ ಮಾಡಲಿ, ಮೌಲ್ಯಮಾಪಕರು ಮೊದಲ ಪ್ರಶ್ನೆಯಾಗಿ ಇದನ್ನೇ ಕೇಳಲಿ. ಒಂದು ಅಡಿಟಿಪ್ಪಣಿ ಎಷ್ಟು ಕೈ ದಾಟಿ ಬಂದಿದೆಯೆಂದು ತಿಳಿದರೆ ಅದಕ್ಕೆ ಎಷ್ಟು ಭಾರ ಹೊರಿಸಬಹುದೆಂಬುದು ಓದುಗನಿಗೆ ತಾನಾಗಿ ತಿಳಿಯುತ್ತದೆ.

ಪದಕ್ಕೆ ಕನ್ನಡದಲ್ಲಿ ಏನೆನ್ನಬೇಕೆಂಬ ಬಗ್ಗೆ ಜಗಳವಾಡಬೇಕಾಗಿಲ್ಲ. ಸ್ವದರ್ಶನ, ಪ್ರತ್ಯಕ್ಷ ಪರಿಶೀಲನೆ, ಕಣ್ಣಾರೆ ಕಂಡದ್ದು ಎಂಬ ಮಾತುಗಳಲ್ಲಿ ಯಾವುದಾದರೂ ಸಲ್ಲುತ್ತದೆ. ಇಂಗ್ಲಿಷಿನಲ್ಲಿ ಹಳೆಯ ಅರ್ಥ ಮಾಸಿದ್ದಕ್ಕೆ ಇಂಗ್ಲಿಷಿನ ಚರಿತ್ರೆ ಕಾರಣ. ನಮ್ಮ ವಿದ್ವತ್ತಿನಲ್ಲಿ ಆ ಆಚರಣೆಯೇ ಮಾಸಿದರೆ ಅದಕ್ಕೆ ಕಾರಣರು ನಾವು, ಮತ್ತು ನೋಡದೆ ಬರೆದದ್ದನ್ನು ನೋಡದೆ ಒಪ್ಪಿ ಪದವಿ ಕೊಡುವವರು.