ಸ್ಪಾರ್ಕಿಯನ್ನು ಸಾಯಲು ಬಿಡಬೇಕಿತ್ತು

ಭೂತಪಿಶಾಚಿಗಳ, ಹೆಣ ಎದ್ದುಬರುವ ಚಿತ್ರಗಳನ್ನು ಮಕ್ಕಳಿಗೆ ತೋರಿಸಬಾರದೆಂಬ ಮಾತು ನಮ್ಮ ಕುಟುಂಬಗಳಲ್ಲಿ ಹೊಸದಲ್ಲ. ಟಿಮ್ ಬರ್ಟನ್ ನಿರ್ದೇಶನದಲ್ಲಿ 2012ರಲ್ಲಿ ಡಿಸ್ನಿ ಸಂಸ್ಥೆ ಹೊರತಂದ ‘ಫ್ರಾಂಕನ್‌ವೀನಿ’ ಎಂಬ ಗೊಂಬೆಚಿತ್ರವನ್ನೂ ಇದೇ ಕಾರಣಕ್ಕೆ ದೂರವಿಡುವವರಿದ್ದಾರು. ನನಗೂ ಆ ಚಿತ್ರದೊಡನೆ ಜಗಳವಿದೆ. ಆದರೆ ಜಗಳ ಅದರ ರಾಕ್ಷಸರೊಡನೆ ಅಲ್ಲ.

ಗೊಂಬೆಯನ್ನು ಕೂದಲೆಳೆಯಷ್ಟು ಸರಿಸಿ ಒಂದು ಫೋಟೋ, ಮತ್ತೆ ಸರಿಸಿ ಇನ್ನೊಂದು. ಹೀಗೆ ತೆರೆಯ ಮೇಲಿನ ಒಂದು ಸೆಕೆಂಡಿಗೆ 24 ಚೌಕಟ್ಟುಗಳು ಬೇಕು. ಇಷ್ಟು ತಾಳ್ಮೆಯಿಂದ, ಕಪ್ಪು-ಬಿಳುಪಿನಲ್ಲಿ, ಬರ್ಟನ್ ಹಳೆಯ ಭಯಾನಕ ಚಿತ್ರಗಳಿಗೆ ಕೈಮುಗಿದಿದ್ದಾರೆ. ಬಾಲಕ ವಿಕ್ಟರ್ ಫ್ರಾಂಕನ್‌ಸ್ಟೈನನ ಹೆಸರು ಮೇರಿ ಶೆಲ್ಲಿಯ 1818ರ ಕಾದಂಬರಿಯದು. ಹೊತ್ತಿ ಉರಿಯುವ ಗಾಳಿಯಂತ್ರ ಜೇಮ್ಸ್ ವೇಲ್ 1931ರಲ್ಲಿ ತೆಗೆದ ಚಿತ್ರದ್ದು. ಆಮೆಯೊಂದು ಊರೆತ್ತರಕ್ಕೆ ಬೆಳೆದಾಗ ಜಪಾನಿನ ಗಾಮೆರಾ ನೆನಪಾಗುತ್ತದೆ. ಇವೆಲ್ಲ ಅಜ್ಜಿಕತೆಯ ಬ್ರಹ್ಮರಾಕ್ಷಸನಷ್ಟೇ ನಿರಪಾಯ. ಮಕ್ಕಳು ಒಂದು ಕ್ಷಣ ಬೆಚ್ಚಿ, ಮರುಕ್ಷಣ ನಗುತ್ತಾರೆ.

ಕತೆ ಚಿಕ್ಕದು. ವಿಕ್ಟರ್ ಹೊಡೆದ ಚೆಂಡಿನ ಹಿಂದೆ ಓಡಿದ ಅವನ ನಾಯಿ ಸ್ಪಾರ್ಕಿ ಕಾರಿಗೆ ಸಿಕ್ಕಿ ಸಾಯುತ್ತದೆ. ಪ್ರೀತಿಸಿದವರು ನಮ್ಮ ಹೃದಯದಲ್ಲಿ ಉಳಿಯುತ್ತಾರೆಂದು ತಾಯಿ ಸಂತೈಸುತ್ತಾಳೆ. ಹೃದಯದಲ್ಲಿ ಬೇಡ, ತನ್ನ ಬಳಿಯಲ್ಲೇ ಬೇಕು ಎನ್ನುತ್ತಾನೆ ಹುಡುಗ. ಯಾವ ಮಗು ಹಾಗೆ ಹೇಳುವುದಿಲ್ಲ? ಸಮಾಧಿಯಿಂದ ನಾಯಿಯನ್ನು ಅಗೆದು ತಂದು, ಹೊಲಿಗೆ ಹಾಕಿ, ಸಿಡಿಲಿನ ಬಲದಿಂದ ಎಬ್ಬಿಸುತ್ತಾನೆ. (ನಡುವೆ, ಪ್ರಶ್ನೆ ಕೇಳಲು ಕಲಿಸಿದ ವಿಜ್ಞಾನದ ಮೇಷ್ಟರನ್ನು ಪಾಲಕರೆಲ್ಲ ಸಭೆ ಸೇರಿ ಓಡಿಸುವ ದೃಶ್ಯವಿದೆ. ನಾವು ತಪ್ಪದೆ ನೋಡಬೇಕಾದ ದೃಶ್ಯ.)

ಕೊನೆಗೆ ಬೆಂಕಿಯಿಂದ ವಿಕ್ಟರನನ್ನು ಉಳಿಸಿ ಸ್ಪಾರ್ಕಿ ಎರಡನೆಯ ಸಲ ಸಾಯುತ್ತದೆ. ಆಗ ಹುಡುಗನು, ನೀನು ಮರಳಿ ಬರಬೇಕಾಗಿಲ್ಲ, ನನ್ನ ಹೃದಯದಲ್ಲಿ ಇರುತ್ತೀ ಎಂಬರ್ಥದ ಮಾತಾಡುತ್ತಾನೆ. ತಾಯಿಯ ಮಾತು ಈಗ ಅವನ ಮಾತಾಗಿದೆ. ಇಡೀ ಚಿತ್ರ ನಡೆದುಬಂದದ್ದು ಈ ಒಂದು ವಾಕ್ಯಕ್ಕಾಗಿ. ಆದರೆ ಮರುಗಳಿಗೆಯಲ್ಲಿ ಊರಿನವರು ಕಾರುಗಳನ್ನು ತಂದು ನಿಲ್ಲಿಸಿ, ಬ್ಯಾಟರಿಗಳಿಂದ ವಿದ್ಯುತ್ ಹಾಯಿಸಿ ನಾಯಿಯನ್ನು ಎಬ್ಬಿಸಿಬಿಡುತ್ತಾರೆ! ಹುಡುಗ ಕಣ್ಣೀರಿನಿಂದ ಕಲಿತದ್ದನ್ನು ದೊಡ್ಡವರು ಎರಡು ನಿಮಿಷದಲ್ಲಿ ಅಳಿಸಿಹಾಕುತ್ತಾರೆ.

ಬರ್ಟನ್ ತಾವೇ 1984ರಲ್ಲಿ ತೆಗೆದ ಕಿರುಚಿತ್ರವನ್ನು ಅನುಸರಿಸಿದ್ದಾರೆ, ಮಕ್ಕಳು ಅಳುತ್ತ ಮನೆಗೆ ಹೋಗಬಾರದಲ್ಲ ಎಂದು ನೀವು ಹೇಳಬಹುದು. ಏಕೆ ಹೋಗಬಾರದು? ಲಾಜರನ ಸಮಾಧಿಯ ಬಳಿ ಯೇಸುಸ್ವಾಮಿಯೇ ಅತ್ತರು, ಅದೂ ಅವನನ್ನು ಎಬ್ಬಿಸುವ ಮುನ್ನ. ಎದ್ದುಬಂದ ಲಾಜರನೂ ಮತ್ತೊಮ್ಮೆ ಸಾಯಬೇಕಾದವನೇ. ನಾವು ವಿಶ್ವಾಸಪ್ರಮಾಣದಲ್ಲಿ ಸಾರುವ ಪುನರುತ್ಥಾನವು ಹಳೆಯ ಬದುಕನ್ನು ಮತ್ತೆ ಚಾಲೂ ಮಾಡುವ ಉಪಾಯವಲ್ಲ. ಶುಕ್ರವಾರವನ್ನು ಹಾದುಹೋಗದೆ ಭಾನುವಾರಕ್ಕೆ ದಾರಿಯಿಲ್ಲ.

ಈ ಮಾತು ಬರಿಯ ಸಿನಿಮಾದ್ದಲ್ಲ. ತಾತ ತೀರಿಕೊಂಡ ದಿನ ಮೊಮ್ಮಗುವನ್ನು ಪಕ್ಕದ ಮನೆಗೆ ಸಾಗಿಸಿ, ‘ತಾತ ಊರಿಗೆ ಹೋಗಿದ್ದಾರೆ’ ಎನ್ನುವವರು ನಾವು. ಪೆಟ್ಟಿಗೆಯ ಬಳಿಗೆ ಬರಗೊಡುವುದಿಲ್ಲ, ಒಂದು ಹಿಡಿ ಮಣ್ಣು ಹಾಕಗೊಡುವುದಿಲ್ಲ. ಆ ಮಗು ತಿಂಗಳುಗಟ್ಟಲೆ ಬಾಗಿಲು ಕಾಯುತ್ತದೆ. ನಾವೂ ಕಾರು ತಂದು ನಿಲ್ಲಿಸಿದ ಊರಿನವರೇ ಅಲ್ಲವೇ?

ಆದುದರಿಂದ ಚಿತ್ರವನ್ನು ಬಚ್ಚಿಡಬೇಡಿರಿ, ಮಕ್ಕಳೊಡನೆ ಕುಳಿತು ನೋಡಿರಿ. ಗಾಳಿಯಂತ್ರ ಉರಿದು, ಸ್ಪಾರ್ಕಿ ನೆಲದ ಮೇಲೆ ಅಲುಗಾಡದೆ ಮಲಗಿರುವಾಗ, ಕಾರುಗಳ ದೀಪ ಬೆಳಗುವ ಮುನ್ನ, ಒಮ್ಮೆ ನಿಲ್ಲಿಸಿರಿ. ವಿಕ್ಟರ್ ಈಗ ಏನು ಮಾಡಬೇಕೆಂದು ನಿಮ್ಮ ಮಗುವನ್ನು ಕೇಳಿರಿ.